ಮಂಗಳೂರಿನ ಸಂಗೀತದ ಮೇಲೊಂದು ಸಿನಿಮಾ ಮಾಡುವ ಮುಂಚೆ ಏನೆಲ್ಲ ನೋಡಬೇಕು?

ಪ್ರಶ್ನೆ: ನಾವು ನಾಲ್ಕು ಜನ ಗೆಳೆಯರು, ಎಲ್ಲರೂ ಮಂಗಳೂರಿನವರು. ನಮ್ಮ ಊರಿನ ಸಂಗೀತದ ಬಗ್ಗೆ ಒಂದು ಗಂಟೆಯ ಸಾಕ್ಷ್ಯಚಿತ್ರ ಮಾಡಬೇಕು ಅಂತಿದ್ದೇವೆ. ಎಲ್ಲಿಂದ ಶುರು ಮಾಡುವುದು ಗೊತ್ತಾಗುತ್ತಿಲ್ಲ. ಮದುವೆಯ ಬ್ಯಾಂಡ್‌ಸೆಟ್ ಇದೆ, ಕೊಂಕಣಿ ನಾಯ್ಟ್ (ಹಾಡುಗಳ ಸಂಜೆ) ಇದೆ, ಹುಲಿವೇಷದ ತಾಸೆ ವಾದ್ಯ ಇದೆ, ಯಕ್ಷಗಾನ ಇದೆ. ಒಂದಕ್ಕೊಂದು ಸಂಬಂಧವೇ ಇಲ್ಲ. 'ಮಂಗಳೂರಿಗೆ ಅಂತ ಒಂದು ಸಂಗೀತ ಎಲ್ಲಿದೆ?' ಎಂದು ಕೇಳುವವರೇ ಜಾಸ್ತಿ. ಬೇರೆ ಊರುಗಳ ಸಂಗೀತದ ಮೇಲೆ ಬಂದ ಒಳ್ಳೆಯ ಸಿನಿಮಾಗಳು ಯಾವುವು? ಅವುಗಳಿಂದ ನಾವು ಏನು ಕಲಿಯಬಹುದು?
ಒಬ್ಬ ಓದುಗರು, ಬಿಜೈ

ಉತ್ತರ: ಒಂದಕ್ಕೊಂದು ಸಂಬಂಧ ಇಲ್ಲ ಅಂದಿರಿ. ಆ ಒಂದು ಮಾತನ್ನು ನಾನು ಒಪ್ಪುವುದಿಲ್ಲ. ಬೆಳಿಗ್ಗೆ ದೇವಸ್ಥಾನದಲ್ಲಿ ಸ್ಯಾಕ್ಸೋಫೋನ್ ಊದಿದವರೇ ಮಧ್ಯಾಹ್ನ ಮದುವೆ ಹಾಲ್‌ನಲ್ಲಿ ಊದುತ್ತಾರೆ, ರಾತ್ರಿ ದೈವದ ನೇಮಕ್ಕೆ ಹೋಗುತ್ತಾರೆ. ಇಗರ್ಜಿಯ ಹಬ್ಬಕ್ಕೆ ಬಾಕ್ಸ್ ಕಟ್ಟಿದ ಸೌಂಡ್ಸ್‌ನವರೇ ಮಾರನೇ ದಿನ ಬಯಲಾಟಕ್ಕೆ ಮೈಕ್ ಕಟ್ಟುತ್ತಾರೆ. ಪುರಭವನದಲ್ಲಿ ಇವತ್ತು ತುಳು ನಾಟಕ, ನಾಳೆ ಯಕ್ಷಗಾನದ ಗಾನವೈಭವ, ನಾಡಿದ್ದು ಕೊಂಕಣಿ ಹಾಡುಗಳ ಸಂಜೆ. ವೇದಿಕೆಯ ಮೇಲೆ ಬೇರೆ ಬೇರೆಯಾಗಿ ಕಾಣುವ ಇವೆಲ್ಲ ವೇದಿಕೆಯ ಹಿಂದೆ ಒಂದೇ ಲೋಕ. ನಿಮ್ಮ ಸಿನಿಮಾ ಅಲ್ಲಿದೆ.

ಬೇರೆ ಊರುಗಳ ಬಗ್ಗೆ ಬಂದ ಸಿನಿಮಾಗಳನ್ನೂ ಇದೇ ಕಣ್ಣಿನಿಂದ ನೋಡಿ ಎಂದು ಕೇಳಿಕೊಳ್ಳುತ್ತೇನೆ. ಗಾಯಕರು ಎಷ್ಟು ದೊಡ್ಡವರು ಎನ್ನುವುದನ್ನು ಬದಿಗಿಡಿ. ಹಾಡು ಯಾವ ಜಾಗದಲ್ಲಿ ನಡೆಯುತ್ತದೆ, ದುಡ್ಡು ಯಾರು ಕೊಡುತ್ತಾರೆ, ಅಷ್ಟನ್ನು ಗಮನಿಸಿ. ಈ ಎರಡನ್ನೂ ತೋರಿಸಿದ ಸಿನಿಮಾಗಳು ಇವತ್ತು ನೋಡಿದರೂ ತಾಜಾ ಆಗಿವೆ.

ಮೊದಲು ನೋಡಬೇಕಾದದ್ದು 'ಕ್ರಾಸಿಂಗ್ ದ ಬ್ರಿಜ್'. 2005ರ ಸಾಕ್ಷ್ಯಚಿತ್ರ, ಇಸ್ತಾನ್‌ಬುಲ್ ನಗರದ ಸಂಗೀತದ ಮೇಲೆ. ನಿರ್ದೇಶಕ ಫಾತಿಹ್ ಅಕಿನ್ ಹ್ಯಾಂಬರ್ಗ್‌ನಲ್ಲಿ ಹುಟ್ಟಿ ಬೆಳೆದವರು, ತಂದೆತಾಯಿ ಟರ್ಕಿಯವರು. ಅಲೆಕ್ಸಾಂಡರ್ ಹಾಕೆ ಎಂಬ ಜರ್ಮನ್ ಸಂಗೀತಗಾರ ಮೈಕ್, ಕಂಪ್ಯೂಟರ್ ಹೊತ್ತುಕೊಂಡು ಊರು ಸುತ್ತುತ್ತಾನೆ. ಕತೆ ಅಂದರೆ ಇಷ್ಟೇ. ಆದರೆ ಅವನು ಯಾರನ್ನೂ ಒಂದೇ ಸ್ಟುಡಿಯೋಗೆ ಕರೆದು ಕೂರಿಸಿ ಹಾಡಿಸುವುದಿಲ್ಲ. ಒಂದು ತಂಡ ಬಾಸ್ಫೊರಸ್ ಜಲಸಂಧಿಯಲ್ಲಿ ದೋಣಿಯ ಮೇಲೆ ನುಡಿಸುತ್ತದೆ. ಕುರ್ದಿಶ್ ಗಾಯಕಿ ಐನುರ್ ಹಳೆಯ ಹಮಾಮಿನಲ್ಲಿ ಹಾಡುತ್ತಾರೆ. ಸ್ನಾನದ ಮನೆಯ ಕಲ್ಲಿನ ಗೋಡೆಗೆ ಬಡಿದು ಆ ಧ್ವನಿ ಎರಡು ಪಟ್ಟಾಗಿ ವಾಪಸ್ ಬರುತ್ತದೆ. ರೋಮಾ ಸಮುದಾಯದ ಕ್ಲಾರಿನೆಟ್ ವಾದಕ ಸೆಲಿಮ್ ಸೆಸ್ಲರ್ ತಮ್ಮ ಊರಿನ ಜನರ ಮಧ್ಯೆ ಕೂತು ಊದುತ್ತಾರೆ. ಬೀದಿಯಲ್ಲಿ ಹಾಡುವವರು, ರ್‍ಯಾಪ್ ಮಾಡುವ ಜೆಜಾ, ಜನ ತಲೆಯ ಮೇಲೆ ಹೊತ್ತುಕೊಂಡ ಓರ್ಹಾನ್ ಗೆಂಜೆಬಾಯ್, ವಯಸ್ಸಾದ ಹಾಡುಗಾರ್ತಿ ಮುಜೆಯೆನ್ ಸೆನಾರ್, ಎಲ್ಲರೂ ಒಂದೂವರೆ ಗಂಟೆಯಲ್ಲಿ ಬಂದು ಹೋಗುತ್ತಾರೆ.

ಇವರಲ್ಲಿ ಯಾರಿಗೂ ಇನ್ನೊಬ್ಬರ ಸಂಗೀತದ ಜೊತೆ ಸಂಬಂಧ ಇದ್ದ ಹಾಗೆ ಕಾಣುವುದಿಲ್ಲ. ಸಿನಿಮಾ ಆ ಸಂಬಂಧವನ್ನು ಬಲವಂತವಾಗಿ ಹೊಲಿಯುವುದೂ ಇಲ್ಲ. 'ಇಸ್ತಾನ್‌ಬುಲ್ ಸಂಗೀತ ಅಂದರೆ ಇದು' ಎಂದು ಯಾರ ಬಾಯಿಂದಲೂ ತೀರ್ಪು ಹೇಳಿಸುವುದಿಲ್ಲ. ಆದರೂ ಮುಗಿದಾಗ ಒಂದು ಊರಿನಲ್ಲಿ ಓಡಾಡಿ ಬಂದ ಹಾಗೆ ಆಗುತ್ತದೆ. 'ಮಂಗಳೂರಿಗೆ ಅಂತ ಒಂದು ಸಂಗೀತ ಎಲ್ಲಿದೆ' ಎಂದು ಕೇಳುವವರಿಗೆ ಈ ಸಿನಿಮಾ ತೋರಿಸಿ. ಒಂದೇ ಸಂಗೀತ ಇರಬೇಕು ಎಂದು ಯಾರು ಹೇಳಿದರು? ತುಳು, ಕೊಂಕಣಿ, ಬ್ಯಾರಿ, ಕನ್ನಡ, ಇಷ್ಟು ಭಾಷೆಗಳಲ್ಲಿ ಬದುಕುವ ಊರು ಒಂದೇ ದನಿಯಲ್ಲಿ ಹಾಡಿದರೇ ಆಶ್ಚರ್ಯ ಪಡಬೇಕು.

ನೀವೂ ಹಾಗೇ ಮಾಡಿ. ಗುಮಟೆ ವಾದ್ಯವನ್ನು ಮನೆಯಂಗಳದಲ್ಲಿ ರೆಕಾರ್ಡ್ ಮಾಡಿ. ಕ್ರೈಸ್ತರ ಮದುವೆಗೆ ಮುಂಚಿನ ರೋಸಿನ ದಿನ ಹೆಂಗಸರು ಹೇಳುವ ವೋವಿ ಹಾಡುಗಳನ್ನು ಚಪ್ಪರದ ಕೆಳಗೇ ಹಿಡಿಯಿರಿ. ಪಾತ್ರೆಯ ಸದ್ದು, ನಡುವೆ ಯಾರೋ ಯಾರನ್ನೋ ಕರೆಯುವ ಸದ್ದು ಬಂದರೆ ಬರಲಿ. ತಾಸೆಯನ್ನು ಓಣಿಯಲ್ಲಿ ಹಿಡಿಯಿರಿ, ಎರಡೂ ಬದಿಯ ಗೋಡೆಗಳು ಅದಕ್ಕೆ ಕೊಡುವ ಪೆಟ್ಟು ಮೈದಾನದಲ್ಲಿ ಸಿಗುವುದಿಲ್ಲ. ತಾಸೆಯ ಸದ್ದು ತುಂಬ ಜೋರು, ಮೈಕನ್ನು ಹತ್ತಿರ ಇಟ್ಟರೆ ಒಡೆಯುತ್ತದೆ. ರೆಕಾರ್ಡರ್‌ನಲ್ಲಿ ಎರಡು ಟ್ರ್ಯಾಕ್ ಇಟ್ಟು, ಒಂದರ ಮಟ್ಟವನ್ನು ಚೆನ್ನಾಗಿ ಇಳಿಸಿಡಿ. ಒಂದು ಒಡೆದರೂ ಇನ್ನೊಂದು ಉಳಿಯುತ್ತದೆ.

ಎರಡನೆಯದು ಮ್ಯಾಂಚೆಸ್ಟರಿನ ಕತೆ, '24 ಅವರ್ ಪಾರ್ಟಿ ಪೀಪಲ್', 2002. ಇದು ಸಾಕ್ಷ್ಯಚಿತ್ರ ಅಲ್ಲ, ನಟರು ಮಾಡಿದ್ದು. ಮೈಕೆಲ್ ವಿಂಟರ್‌ಬಾಟಮ್ ನಿರ್ದೇಶಕ. ಟಿವಿಯಲ್ಲಿ ಕೆಲಸ ಮಾಡುತ್ತಿದ್ದ ಟೋನಿ ವಿಲ್ಸನ್ ಎಂಬವರು ಫ್ಯಾಕ್ಟರಿ ರೆಕಾರ್ಡ್ಸ್ ಎಂಬ ರೆಕಾರ್ಡ್ ಕಂಪನಿ ಶುರು ಮಾಡಿದ್ದು, 1982ರಲ್ಲಿ ಹಾಸಿಯೆಂಡಾ ಎಂಬ ಕ್ಲಬ್ ತೆರೆದದ್ದು, 1997ರಲ್ಲಿ ಅದು ಮುಚ್ಚಿದ್ದು, ಇದು ಕತೆ. ಶುರುವಿನಲ್ಲೇ 1976ರ ಜೂನ್ 4ರ ಒಂದು ಕಾರ್ಯಕ್ರಮ ಬರುತ್ತದೆ. ಸೆಕ್ಸ್ ಪಿಸ್ಟಲ್ಸ್ ಎಂಬ ಪಂಕ್ ತಂಡದವರು ಒಂದು ಸಣ್ಣ ಹಾಲ್‌ನಲ್ಲಿ ನುಡಿಸಿದರು. ಸೇರಿದ್ದು ನಲವತ್ತರ ಆಸುಪಾಸು ಜನ. ಆ ನಲವತ್ತರಲ್ಲಿ ಕೆಲವರು ಮನೆಗೆ ಹೋಗಿ ತಮ್ಮದೇ ತಂಡ ಕಟ್ಟಿದರು. ಆ ತಂಡಗಳಿಂದ ಮ್ಯಾಂಚೆಸ್ಟರ್ ಹೆಸರು ಲೋಕಕ್ಕೆ ಗೊತ್ತಾಯಿತು.

ಇದರಲ್ಲಿ ನನಗೆ ತುಂಬ ಇಷ್ಟವಾದ ಒಂದು ಗಳಿಗೆ ಇದೆ. ಒಂದು ಘಟನೆ ತೋರಿಸುತ್ತಾರೆ. ಕೂಡಲೇ ಆ ಘಟನೆಯಲ್ಲಿ ಇದ್ದರೆನ್ನಲಾದ ಗಾಯಕ ಹೋವರ್ಡ್ ಡಿವೋಟೊ, ನಟನಲ್ಲ, ನಿಜವಾದವರೇ, ಕ್ಯಾಮರಾ ಮುಂದೆ ಬಂದು, ಹೀಗೆ ನಡೆದದ್ದು ತನಗೆ ನೆನಪಿಲ್ಲ ಎನ್ನುತ್ತಾರೆ. ಊರಿನ ಸಂಗೀತದ ಚರಿತ್ರೆ ಅರ್ಧಕ್ಕರ್ಧ ಹೀಗೇ ಇರುತ್ತದೆ. ಒಬ್ಬರ ನೆನಪು ಒಂದು, ಇನ್ನೊಬ್ಬರದು ಇನ್ನೊಂದು. ನಮ್ಮಲ್ಲೂ ಯಕ್ಷಗಾನದ ಭಾಗವತ ಕಾಳಿಂಗ ನಾವಡರ ಬಗ್ಗೆ ಕೇಳಲು ಹೊರಟರೆ ಇದೇ ಆಗುತ್ತದೆ. 1990ರಲ್ಲಿ, ಇನ್ನೂ ಮೂವತ್ತೆರಡರ ಹತ್ತಿರದ ವಯಸ್ಸಿನಲ್ಲಿ, ಅಪಘಾತದಲ್ಲಿ ತೀರಿಹೋದ ಆ ಹಾಡುಗಾರನ ಪದ್ಯ ಕೇಳಲೆಂದೇ ರಾತ್ರಿಯಿಡೀ ಕೂತವರು ಉಡುಪಿ, ಕುಂದಾಪುರದ ಕಡೆ ಇವತ್ತಿಗೂ ಸಿಗುತ್ತಾರೆ. ಕ್ಯಾಸೆಟ್‌ಗಳಲ್ಲಿ ಕೇಳಿದವರು ಇನ್ನೂ ಹೆಚ್ಚು. ಒಂದೇ ರಾತ್ರಿಯ ಆಟದ ಬಗ್ಗೆ ಮೂವರು ಮೂರು ತರ ಹೇಳಿದರೆ ಮೂರನ್ನೂ ಇಟ್ಟುಕೊಳ್ಳಿ. ಯಾವುದು ಸರಿ ಎಂದು ತೀರ್ಮಾನ ಮಾಡುವ ಅವಸರ ಬೇಡ.

ಈಗ ಹವಾನಾ. 'ಬ್ಯುನಾ ವಿಸ್ತಾ ಸೋಶಿಯಲ್ ಕ್ಲಬ್', ವಿಮ್ ವೆಂಡರ್ಸ್ ನಿರ್ದೇಶನ, 1999. ಹೆಚ್ಚಿನವರು ನಿಮಗೆ ಮೊದಲು ಹೇಳುವ ಹೆಸರು ಇದೇ. ಅಮೆರಿಕದ ಗಿಟಾರ್ ವಾದಕ ರೈ ಕೂಡರ್ 1996ರಲ್ಲಿ ಕ್ಯೂಬಾಕ್ಕೆ ಹೋಗಿ, ವಯಸ್ಸಾದ ಸಂಗೀತಗಾರರನ್ನು ಸೇರಿಸಿ ರೆಕಾರ್ಡ್ ಮಾಡಿದರು. ಇಬ್ರಾಹಿಂ ಫೆರರ್ ಎಂಬ ಅದ್ಭುತ ಗಾಯಕ ಆಗ ಬೂಟ್ ಪಾಲಿಶ್ ಮಾಡಿ ಬದುಕುತ್ತಿದ್ದರು. ಎರಡೇ ವರ್ಷದಲ್ಲಿ, 1998ರಲ್ಲಿ, ಅವರೆಲ್ಲ ನ್ಯೂಯಾರ್ಕಿನ ಕಾರ್ನೆಗಿ ಹಾಲ್‌ನಲ್ಲಿ ನಿಂತರು. ನೋಡುವಾಗ ಕಣ್ಣು ತುಂಬುತ್ತದೆ. ಆದರೆ ಇದೇ ದಾರಿಯಲ್ಲಿ ಹೋಗಬೇಡಿ ಎಂದು ನಾನು ಗಟ್ಟಿಯಾಗಿ ಹೇಳುತ್ತೇನೆ. ಆ ಸಿನಿಮಾ ನೋಡಿದರೆ ಹವಾನಾದಲ್ಲಿ ಸಂಗೀತ ನಿಂತೇ ಹೋಗಿತ್ತು, ಹೊರಗಿನವರು ಬಂದು ಎಬ್ಬಿಸಿದರು ಅನ್ನಿಸುತ್ತದೆ. ಅದೇ ವರ್ಷಗಳಲ್ಲಿ ಆ ಊರಿನ ಯುವಕರು ಟಿಂಬಾ ಎಂಬ ಹೊಸ ಸಂಗೀತಕ್ಕೆ ರಾತ್ರಿಯಿಡೀ ಕುಣಿಯುತ್ತಿದ್ದರು. ಸಿನಿಮಾದಲ್ಲಿ ಅದರ ಸುಳಿವೇ ಇಲ್ಲ. ಮಂಗಳೂರಿನ ಬಗ್ಗೆ 'ಅಳಿಯುತ್ತಿರುವ ಕಲೆ' ಎಂಬ ಧಾಟಿಯಲ್ಲಿ ಸಿನಿಮಾ ಮಾಡುವುದು ತುಂಬ ಸುಲಭ. ಆದರೆ ಹುಲಿವೇಷದ ತಂಡಗಳು ಅಳಿಯುತ್ತಿಲ್ಲ. ಸ್ಯಾಕ್ಸೋಫೋನಿಗೆ ಬೇಡಿಕೆ ಇದೆ. ಇವತ್ತು ಏನು ನಡೆಯುತ್ತಿದೆಯೋ ಅದನ್ನು ಮೊದಲು ತೋರಿಸಿ.

ದುಡ್ಡಿನ ವಿಷಯ ತಿಳಿಯಲು ಜಮೈಕಾದ 'ದ ಹಾರ್ಡರ್ ದೇ ಕಮ್' ನೋಡಿ. 1972, ನಿರ್ದೇಶನ ಪೆರಿ ಹೆನ್ಜೆಲ್, ನಾಯಕ ಜಿಮ್ಮಿ ಕ್ಲಿಫ್. ಹಳ್ಳಿಯಿಂದ ಕಿಂಗ್‌ಸ್ಟನ್‌ಗೆ ಬಂದ ಹುಡುಗ ಹಾಡು ರೆಕಾರ್ಡ್ ಮಾಡುತ್ತಾನೆ. ನಿರ್ಮಾಪಕ ಇಪ್ಪತ್ತು ಡಾಲರ್ ಕೈಗಿಡುತ್ತಾನೆ, ಹಕ್ಕೆಲ್ಲ ಅವನದು. ರೇಡಿಯೋದಲ್ಲಿ ಯಾವ ಹಾಡು ಬರಬೇಕು ಎನ್ನುವುದೂ ಅವನ ಕೈಯಲ್ಲಿ. ಹಾಡು ಊರಿಗೆಲ್ಲ ಕೇಳುತ್ತದೆ, ಹಾಡಿದವನ ಹೊಟ್ಟೆ ತುಂಬುವುದಿಲ್ಲ. ಪಾತ್ರಗಳು ತಮ್ಮ ಊರಿನ ಮಾತನ್ನೇ ಆಡುತ್ತಾರೆ. ಅಮೆರಿಕದಲ್ಲಿ ತೋರಿಸುವಾಗ ಅದಕ್ಕೆ ಸಬ್‌ಟೈಟಲ್ ಹಾಕಬೇಕಾಯಿತು, ಆದರೂ ಮಾತನ್ನು ಬದಲಿಸಲಿಲ್ಲ. ನಿಮ್ಮ ಸಿನಿಮಾದಲ್ಲೂ ತುಳುವಿನವರು ತುಳುವಿನಲ್ಲೇ, ಬ್ಯಾರಿಯವರು ಬ್ಯಾರಿಯಲ್ಲೇ ಮಾತಾಡಲಿ. ಕನ್ನಡದಲ್ಲಿ ಹೇಳಿ ಎಂದು ಒತ್ತಾಯ ಮಾಡಬೇಡಿ. ಕೆಳಗೆ ಅಕ್ಷರ ಹಾಕಿದರಾಯಿತು.

ತೆಹರಾನ್‌ನ 'ನೋ ಒನ್ ನೋಸ್ ಅಬೌಟ್ ಪರ್ಷಿಯನ್ ಕ್ಯಾಟ್ಸ್' (2009) ಮತ್ತು ಡಬ್ಲಿನ್‌ನ 'ಒನ್ಸ್' (2007), ಇವೆರಡನ್ನು ಕಡಿಮೆ ಖರ್ಚಿನ ಪಾಠಕ್ಕಾಗಿ ನೋಡಿ. ಮೊದಲನೆಯದನ್ನು ಬಹ್ಮನ್ ಘೊಬಾದಿ ಪರವಾನಗಿ ಇಲ್ಲದೆ ಕದ್ದುಮುಚ್ಚಿ 17 ದಿನದಲ್ಲಿ ತೆಗೆದರು. ಅದರಲ್ಲಿ ಒಂದು ತಂಡ ದನದ ಹಟ್ಟಿಯಲ್ಲಿ ಪ್ರಾಕ್ಟೀಸ್ ಮಾಡುತ್ತದೆ. ಎರಡನೆಯದರಲ್ಲಿ ಬೀದಿಯ ದೃಶ್ಯಗಳನ್ನು ದೂರದಲ್ಲಿ ನಿಂತು ಉದ್ದದ ಲೆನ್ಸ್ ಹಾಕಿ ತೆಗೆದರು, ಹೋಗಿಬರುವವರಿಗೆ ಕ್ಯಾಮರಾ ಇದೆ ಎಂದೇ ಗೊತ್ತಾಗಲಿಲ್ಲ. ಹಂಪನಕಟ್ಟೆಯಲ್ಲಿ ಮೆರವಣಿಗೆ ಹಿಡಿಯುವಾಗ ಈ ಉಪಾಯ ನಿಮಗೆ ಬೇಕಾಗುತ್ತದೆ.

ನಮ್ಮ ಹತ್ತಿರಕ್ಕೆ ಬರೋಣ. ಮುಂಬಯಿಯ ರ್‍ಯಾಪ್ ಹುಡುಗನ ಕತೆ 'ಗಲ್ಲಿ ಬಾಯ್' (2019) ನೀವು ನೋಡೇ ಇರುತ್ತೀರಿ. ಚೆನ್ನಾಗಿದೆ, ಆದರೆ ಅಲ್ಲಿ ಊರಿಗಿಂತ ನಾಯಕ ದೊಡ್ಡವನು. ನಿಮಗೆ ಬೇಕಾದದ್ದು ಕೊಂಕಣಿಯ 'ನಾಚೊಂಯಾ ಕುಂಪಾಸರ್'. ನಿರ್ದೇಶನ ಬಾರ್ಡ್‌ರಾಯ್ ಬರೆಟ್ಟೊ, ಗೋವಾದವರು. ಸಂಗೀತಗಾರ ಕ್ರಿಸ್ ಪೆರಿ ಮತ್ತು ಗಾಯಕಿ ಲೋರ್ನಾ ಅವರ ಬದುಕಿನಿಂದ ಎದ್ದ ಕತೆ. ಅರವತ್ತರ ದಶಕದ ಮುಂಬಯಿಯಲ್ಲಿ ಗೋವಾದ ಸಂಗೀತಗಾರರು ರಾತ್ರಿ ಕ್ಲಬ್‌ಗಳಲ್ಲಿ ಜಾಝ್ ನುಡಿಸುತ್ತಿದ್ದರು, ಹಗಲು ಹಿಂದಿ ಸಿನಿಮಾದ ಹಾಡುಗಳಿಗೆ ನುಡಿಸುತ್ತಿದ್ದರು. ಹೆಸರು ಮಾತ್ರ ಎಲ್ಲೂ ಬರುತ್ತಿರಲಿಲ್ಲ. ಕತೆಗೆ ಹಾಡು ಸೇರಿಸುವ ಬದಲು ಪೆರಿಯವರ ಹಾಡುಗಳನ್ನೇ ದಾರಿಯಾಗಿ ಇಟ್ಟುಕೊಂಡು ಕತೆ ನಡೆಸಿದ್ದಾರೆ. ಕೊಂಕಣಿಯ ಅತ್ಯುತ್ತಮ ಚಿತ್ರ ಎಂದು ರಾಷ್ಟ್ರಪ್ರಶಸ್ತಿಯೂ ಬಂತು.

ಮಂಗಳೂರಿನ ಕೊಂಕಣಿಗೆ ಇಂಥದ್ದೊಂದು ಸಿನಿಮಾ ಬೇಕು ಎಂದು ನನಗೆ ತುಂಬ ದಿನದಿಂದ ಆಸೆ ಇದೆ. ಕೊಂಕಣ್ ಕೋಗುಳ್ ಎಂದು ಜನ ಪ್ರೀತಿಯಿಂದ ಕರೆದ ವಿಲ್ಫಿ ರೆಬಿಂಬಸ್ (1942–2010) ತಮ್ಮ ಹೆಸರಿನಲ್ಲೇ ನಾಯ್ಟ್‌ಗಳನ್ನು ನಡೆಸಿದವರು. ಒಬ್ಬ ಹಾಡುಗಾರ ತಾನೇ ಬರೆದು, ರಾಗ ಹಾಕಿ, ಹಾಡಿ, ಜನರನ್ನು ಸೇರಿಸುವ ಪದ್ಧತಿಯನ್ನು ಇಲ್ಲಿ ಗಟ್ಟಿ ಮಾಡಿದರು. ಶಕ್ತಿನಗರದ ಕಲಾಂಗಣದಲ್ಲಿರುವ ಮಾಂಡ್ ಸೊಭಾಣ್ ಸಂಸ್ಥೆ 2008ರ ಜನವರಿಯಲ್ಲಿ ನಲವತ್ತು ಗಂಟೆ ಬಿಡದೆ ಕೊಂಕಣಿ ಹಾಡಿಸಿ ಗಿನ್ನೆಸ್ ದಾಖಲೆ ಮಾಡಿತು. ಒಂದು ಊರಿನಲ್ಲಿ ನಲವತ್ತು ಗಂಟೆಗೆ ಸಾಕಾಗುವಷ್ಟು ಹಾಡು ಇದೆ, ಹಾಡುವವರೂ ಇದ್ದಾರೆ. ಸಂಗೀತ ಎಲ್ಲಿದೆ ಎಂದು ಕೇಳುವವರಿಗೆ ಇದನ್ನೂ ಹೇಳಿ.

ಕರಾವಳಿಯ ಈಚಿನ ಸಿನಿಮಾಗಳಲ್ಲಿ ನಮ್ಮ ಸದ್ದು ಬಂದಿದೆ. 'ಉಳಿದವರು ಕಂಡಂತೆ' (2014) ಅಷ್ಟಮಿಯ ಹುಲಿವೇಷದ ಸುತ್ತ ನಡೆಯುತ್ತದೆ. 'ಗರುಡ ಗಮನ ವೃಷಭ ವಾಹನ'ದಲ್ಲಿ (2021) ಹುಲಿ ಕುಣಿತ ಇದೆ, 'ಕಾಂತಾರ'ದಲ್ಲಿ (2022) ಕೋಲ ಇದೆ. ಇವು ಕತೆಗೆ ಬೇಕಾದಷ್ಟನ್ನು ತೆಗೆದುಕೊಂಡವು, ಅದು ಸರಿಯೇ. ತಾಸೆ ಬಡಿಯುವವನು ಯಾರು, ಅವನಿಗೆ ಎಷ್ಟು ಸಿಗುತ್ತದೆ, ಉಳಿದ ದಿನ ಏನು ಮಾಡುತ್ತಾನೆ ಎಂದು ಕೇಳುವ ಕೆಲಸ ನಿಮ್ಮದು.

ನಿಮ್ಮ ಮುಖ್ಯ ಪ್ರಶ್ನೆಗೆ ಬರುತ್ತೇನೆ. ಕಿಂಗ್‌ಸ್ಟನ್‌ನಲ್ಲಿ ಸಂಗೀತವನ್ನು ಹಿಡಿದಿದ್ದದ್ದು ರೆಕಾರ್ಡ್ ಕಂಪನಿ. ಮ್ಯಾಂಚೆಸ್ಟರಿನಲ್ಲಿ ಕ್ಲಬ್. ನಮ್ಮಲ್ಲಿ ಹಿಡಿದಿರುವುದು ಸೀಸನ್. ಮಂಗಳೂರಿನಲ್ಲಿ ಕೇಳುವವರು ದುಡ್ಡು ಕೊಡುವುದು ಕಡಿಮೆ. ಮದುವೆ ಮನೆಯವರು ಕೊಡುತ್ತಾರೆ, ದೇವಸ್ಥಾನದ ಸಮಿತಿ ಕೊಡುತ್ತದೆ, ಇಗರ್ಜಿ ಹಬ್ಬದ ಪ್ರಾಯೋಜಕರು ಕೊಡುತ್ತಾರೆ, ಹರಕೆ ಹೊತ್ತವರು ಯಕ್ಷಗಾನದ ಆಟ ಆಡಿಸುತ್ತಾರೆ. ಕಟೀಲು ಮೇಳದ ಹರಕೆ ಆಟಕ್ಕೆ ಜನ ವರ್ಷಗಟ್ಟಲೆ ಕಾಯುತ್ತಾರೆ. ಊರವರಿಗೆಲ್ಲ ಹಾಡು ಪುಕ್ಕಟೆ. ಹಾಗಾಗಿ ಕಲಾವಿದರ ಬದುಕು ಪಂಚಾಂಗದ ಜೊತೆ ಓಡುತ್ತದೆ. ದೀಪಾವಳಿ ಕಳೆದ ಮೇಲೆ ಮೇಳಗಳು ಹೊರಡುತ್ತವೆ. ಕಂಬಳ, ಜಾತ್ರೆ, ನೇಮ, ಮದುವೆ ಒಂದರ ಹಿಂದೊಂದು. ಈಸ್ಟರ್‌ಗೆ ಮುಂಚಿನ ತಪಸ್ಸು ಕಾಲದಲ್ಲಿ ಕ್ರೈಸ್ತರ ಮದುವೆ ಇಲ್ಲ, ಬ್ಯಾಂಡಿನವರಿಗೆ ಆ ಕೆಲಸ ಇಲ್ಲ. ಮೇ ಕೊನೆಯಲ್ಲಿ ಪತ್ತನಾಜೆ, ಸೀಸನ್ ಮುಗಿಯುವ ದಿನ. ಗೆಜ್ಜೆ ಬಿಚ್ಚುತ್ತಾರೆ, ನೇಮ ಮತ್ತು ಆಟ ನಿಲ್ಲುತ್ತವೆ. ಮಳೆಗಾಲದಲ್ಲಿ ಯಕ್ಷಗಾನದ ಚಿಕ್ಕಮೇಳದವರು ಮನೆ ಮನೆಗೆ ಬರುತ್ತಾರೆ, ತುಳುವರ ಆಟಿ ತಿಂಗಳಲ್ಲಿ ವೇಷ ಹಾಕಿದ ಕಳೆಂಜ ಬರುತ್ತಾನೆ. ಮತ್ತೆ ಉಡುಪಿಯ ಅಷ್ಟಮಿ, ಸೆಪ್ಟೆಂಬರ್ 8ರ ಕ್ರೈಸ್ತರ ಹಬ್ಬ ಮೊಂತಿ ಫೆಸ್ತ್, ಮಂಗಳೂರು ದಸರಾ. ಒಂದು ವರ್ಷದ ಈ ಸುತ್ತೇ ನಿಮ್ಮ ಚಿತ್ರಕಥೆ. ಬೇರೆ ಹುಡುಕುವ ಅಗತ್ಯ ಇಲ್ಲ.

ಆ ಸುತ್ತಿನಲ್ಲಿ ಯಾರ ಹಿಂದೆ ಹೋಗಬೇಕು? ನನ್ನನ್ನು ಕೇಳಿದರೆ ಸ್ಯಾಕ್ಸೋಫೋನ್ ಹಿಂದೆ ಹೋಗಿ. ಬೆಲ್ಜಿಯಂನ ಅಡಾಲ್ಫ್ ಸ್ಯಾಕ್ಸ್ 1840ರ ದಶಕದಲ್ಲಿ ಮಾಡಿದ ವಾದ್ಯ ತುಳುನಾಡಿನ ದೇವಸ್ಥಾನದ ಒಳಗೆ ಬಂದ ಕತೆಗಿಂತ ದೊಡ್ಡ ಕತೆ ಬೇಕಾ? ಕದ್ರಿ ಗೋಪಾಲನಾಥರ (1949–2019) ತಂದೆ ನಾಗಸ್ವರ ವಾದಕರು. ಮಗ ಮೈಸೂರು ಅರಮನೆಯ ಬ್ಯಾಂಡಿನಲ್ಲಿ ಸ್ಯಾಕ್ಸೋಫೋನ್ ಕೇಳಿ ಮರುಳಾದರು. ಮಂಗಳೂರಿನ ಕಲಾನಿಕೇತನದಲ್ಲಿ ಗೋಪಾಲಕೃಷ್ಣ ಅಯ್ಯರ್, ಆಮೇಲೆ ಮದ್ರಾಸಿನಲ್ಲಿ ಟಿ.ವಿ. ಗೋಪಾಲಕೃಷ್ಣನ್ ಅವರ ಬಳಿ ಕಲಿತು, ಕರ್ನಾಟಕ ಸಂಗೀತದ ಗಮಕಗಳನ್ನು ಆ ಪಾಶ್ಚಾತ್ಯ ವಾದ್ಯದಿಂದ ಹೊರಡಿಸಿದರು. 1994ರಲ್ಲಿ ಲಂಡನ್ನಿನ ಬಿಬಿಸಿ ಪ್ರಾಮ್ಸ್ ಸಂಗೀತೋತ್ಸವದಲ್ಲಿ ನುಡಿಸಿದರು. ಇವತ್ತು ನಾಗಸ್ವರ ಇದ್ದ ಎಷ್ಟೋ ಜಾಗದಲ್ಲಿ ಸ್ಯಾಕ್ಸೋಫೋನ್ ಇದೆ. ತಲೆಮಾರುಗಳಿಂದ ದೇವಸ್ಥಾನದ ವಾದ್ಯ ನುಡಿಸುತ್ತ ಬಂದ ದೇವಾಡಿಗರ ಮನೆಗಳಲ್ಲಿ ಇದರ ಬಗ್ಗೆ ಕೇಳಿ. ಏನು ಬಂತು, ಏನು ಹೋಯಿತು ಎಂದು ಅವರು ಹೇಳುವುದನ್ನು ಪೂರ್ತಿ ಹಿಡಿಯಿರಿ. ಒಂದು ತಂಡದ ಜೊತೆ ಒಂದು ಸೀಸನ್ ಓಡಾಡಿದರೆ ನಿಮ್ಮ ಪಟ್ಟಿಯಲ್ಲಿದ್ದ ಹೆಚ್ಚಿನ ಜಾಗಗಳು ತಾವಾಗಿಯೇ ದಾರಿಯಲ್ಲಿ ಸಿಗುತ್ತವೆ.

ನೇಮದಲ್ಲಿ ಇನ್ನೊಬ್ಬರನ್ನು ಮರೆಯಬೇಡಿ. ದೈವದ ವೇಷದವರು ಬಣ್ಣ ಹಾಕುವಾಗ ಪಕ್ಕದಲ್ಲಿ ಕೂತು ತೆಂಬರೆ ಎಂಬ ಸಣ್ಣ ವಾದ್ಯ ಹಿಡಿದು ಪಾಡ್ದನ, ಅಂದರೆ ತುಳುವಿನ ಕತೆಹಾಡು, ಹೇಳುವ ಹೆಂಗಸು. ಕ್ಯಾಮರಾಗಳೆಲ್ಲ ದೈವದ ಕಡೆ ತಿರುಗಿರುತ್ತವೆ. ದೈವಸ್ಥಾನದ ಆಡಳಿತದವರ ಒಪ್ಪಿಗೆ ಮೊದಲೇ ಕೇಳಿ, ಬೇಡ ಎಂದರೆ ಅಲ್ಲಿಗೇ ಬಿಡಿ. ಒಪ್ಪಿದರೆ ಆಕೆಯ ಹತ್ತಿರ ಕೂರಿ. ಹೆಸರು ಕೇಳಿ, ಅವರು ಒಪ್ಪಿದರೆ ಪರದೆಯ ಮೇಲೆ ಹಾಕಿ.

ಹಳೆಯ ದೃಶ್ಯಗಳಿಗೆ ಎಲ್ಲಿ ಹೋಗುವುದು ಅನ್ನುವ ಚಿಂತೆ ಬರುತ್ತದೆ. 'ಸಮ್ಮರ್ ಆಫ್ ಸೋಲ್' (2021) ನೋಡಿ. 1969ರಲ್ಲಿ ನ್ಯೂಯಾರ್ಕಿನ ಹಾರ್ಲೆಮ್‌ನಲ್ಲಿ ನಡೆದ ಸಂಗೀತೋತ್ಸವವನ್ನು ಚಿತ್ರಿಸಿದ ಟೇಪುಗಳು ಸುಮಾರು ಐವತ್ತು ವರ್ಷ ಹೆಚ್ಚುಕಡಿಮೆ ಹಾಗೇ ಬಿದ್ದಿದ್ದವು. ಅವನ್ನು ತೆಗೆದು ಮಾಡಿದ ಸಿನಿಮಾಗೆ ಆಸ್ಕರ್ ಬಂತು. ನಮ್ಮಲ್ಲಿ ಅಂಥ ಟೇಪು ಪ್ರತಿ ಮನೆಯ ಕಪಾಟಿನಲ್ಲಿದೆ: ಮದುವೆ ಕ್ಯಾಸೆಟ್. ಎಂಬತ್ತು, ತೊಂಬತ್ತರ ದಶಕದ ವಿಎಚ್‌ಎಸ್ ಕ್ಯಾಸೆಟ್‌ಗಳಲ್ಲಿ ಮದುಮಗ ಮದುಮಗಳ ಹಿಂದೆ ಬ್ಯಾಂಡು ನಿಂತಿರುತ್ತದೆ, ಹಾಡುವವರು ಇರುತ್ತಾರೆ, ಹಾಲ್ ಇರುತ್ತದೆ. ನಮ್ಮ ಮಳೆಗೆ ಅವು ಬೂಸ್ಟು ಹಿಡಿದಿರುತ್ತವೆ. ಹಿಡಿದದ್ದನ್ನು ಸೀದಾ ಪ್ಲೇಯರಿಗೆ ಹಾಕಬೇಡಿ. ಹೆಡ್ಡಿಗೆ ಅಂಟಿ ಬೇರೆ ಟೇಪುಗಳೂ ಹಾಳಾಗುತ್ತವೆ. ಟೇಪು ಕ್ಲೀನ್ ಮಾಡಿ ಡಿಜಿಟಲ್ ಮಾಡಿಕೊಡುವವರ ಹತ್ತಿರ ಕೊಡಿ, ಕೆಲಸ ಮುಗಿದ ಮೇಲೆ ಮನೆಯವರಿಗೆ ಒಂದು ಪ್ರತಿ ಕೊಡಿ.

ಹಾಡಿನ ಹಕ್ಕಿನ ವಿಷಯ ಕೊನೆಗೆ ಇಟ್ಟರೆ ಸಿನಿಮಾ ಪೂರ್ತಿ ಆದರೂ ತೋರಿಸಲಾಗದೆ ಒದ್ದಾಡುತ್ತೀರಿ. ನಮ್ಮ ಕಾಯ್ದೆಯಲ್ಲಿ ಬರೆದವರು ಮತ್ತು ರಾಗ ಹಾಕಿದವರು ತೀರಿಕೊಂಡ ಮುಂದಿನ ವರ್ಷದಿಂದ 60 ವರ್ಷ ಹಕ್ಕು ಇರುತ್ತದೆ. ಅಂದರೆ ವಿಲ್ಫಿಯವರ ಹಾಡುಗಳಿಗೆ 2070ರ ಕೊನೆಯವರೆಗೆ. ರೆಕಾರ್ಡಿಂಗ್‌ಗೆ ಬೇರೆಯೇ ಹಕ್ಕು, ಅದು ಬಿಡುಗಡೆಯಾದ ಮುಂದಿನ ವರ್ಷದಿಂದ 60 ವರ್ಷ. ಹಾಡು ಒಬ್ಬರದ್ದು, ಕ್ಯಾಸೆಟ್ ಇನ್ನೊಬ್ಬರದ್ದು ಆಗಿರಬಹುದು. ಇಬ್ಬರನ್ನೂ ಕೇಳಿ, ಕಾಗದದಲ್ಲಿ ಬರೆಸಿಕೊಳ್ಳಿ. ನೀವೇ ರೆಕಾರ್ಡ್ ಮಾಡುವ ಕಲಾವಿದರ ಜೊತೆಗೂ ಬರವಣಿಗೆಯಲ್ಲಿ ಒಪ್ಪಂದ ಮಾಡಿ. ಎಷ್ಟು ಕೊಡುತ್ತೀರಿ, ಎಲ್ಲೆಲ್ಲಿ ತೋರಿಸುತ್ತೀರಿ, ಎರಡೂ ಅದರಲ್ಲಿರಲಿ. ಸೀಸನ್ ಮಧ್ಯೆ ಅವರಿಗೆ ಕೂತು ಮಾತಾಡಲು ಪುರುಸೊತ್ತು ಇರುವುದಿಲ್ಲ. ಜೂನ್, ಜುಲೈಯಲ್ಲಿ, ಮಳೆ ಹಿಡಿದು ವಾದ್ಯಗಳು ಮನೆಯಲ್ಲಿರುವಾಗ ಹೋಗಿ. ಆಗ ಕ್ಯಾಮರಾ ಬೇಡ. ನಾಲ್ಕೂ ಜನ ಹೋಗಿ ಮಾತಾಡಿ, ನವೆಂಬರಿನಿಂದ ಶೂಟಿಂಗ್ ಇಟ್ಟುಕೊಳ್ಳಿ.